ರಾಜಿಯಾದವರು ಕೋರ್ಟಿಗೆ ಬಂದಾಗ

ಜಗಳ ಆಡುವಾಗ ಜನ ಯಾರನ್ನೂ ಕೇಳುವುದಿಲ್ಲ, ಸೀದಾ ಸ್ಟೇಷನ್ನಿಗೆ ಹೋಗಿ ಕಂಪ್ಲೇಂಟ್ ಕೊಡುತ್ತಾರೆ. ಸಿಟ್ಟು ಇಳಿದ ಮೇಲೆ ಗೊತ್ತಾಗುತ್ತದೆ, ತಾವು ರಾಜಿಯಾದರೂ ಕೇಸು ತಾನಾಗಿ ಹೋಗುವುದಿಲ್ಲ ಎಂದು. ರದ್ದು ಮಾಡಿಸಲು ಇಬ್ಬರೂ ಹೈಕೋರ್ಟಿಗೆ ಬರಬೇಕು. ಅಂಥವರನ್ನು ಕರೆದುಕೊಂಡು ಹೋಗುವುದು ಬೇಗೂರಿನ ವಕೀಲೆಯಾದ ನನ್ನ ಕೆಲಸ. ಹಾಗಾಗಿ ಇಂಥವು ನನ್ನ ಕಣ್ಣೆದುರೇ ನಡೆಯುತ್ತಿರುತ್ತವೆ.

೧. ಬಹುಶಃ

ದೊಡ್ಡನೆಕ್ಕುಂದಿಯ ಒಂದು ಅಪಾರ್ಟ್‌ಮೆಂಟಿನ ಇಬ್ಬರು ಎಂಜಿನಿಯರುಗಳು ಪಾರ್ಕಿಂಗ್ ಜಾಗಕ್ಕೆ ಹೊಡೆದಾಡಿಕೊಂಡಿದ್ದರು. ಕೊನೆಗೆ ರಾಜಿಯಾಯಿತು. ದೂರು ಕೊಟ್ಟವರು ಹೈಕೋರ್ಟಿನ ದಿನಾಂಕಕ್ಕೆ ಆಫೀಸ್ ಮೀಟಿಂಗಿನ ಹಾಗೆ ನನಗೂ ಎದುರಿನವರಿಗೂ ಕ್ಯಾಲೆಂಡರ್ ಇನ್‌ವೈಟ್ ಕಳಿಸಿದರು. ಎದುರಿನವರು ಅದಕ್ಕೆ 'ಬರುತ್ತೇನೆ' ಎಂದು ಒತ್ತದೆ 'ಬಹುಶಃ' ಎಂದು ಒತ್ತಿದ್ದರು. ರಾಜಿ ಮುರಿಯಿತೇನೋ ಎಂದು ಫೋನ್ ಮಾಡಿದೆ. ಹಾಗೇನಿಲ್ಲ, ಆ ಹೊತ್ತಿಗೆ ಕ್ಲೈಂಟ್ ಕಾಲ್ ಇದೆ, ಜಡ್ಜ್ ಸಾಹೇಬರಿಗೆ ಮಧ್ಯಾಹ್ನದ ಸ್ಲಾಟ್ ಆಗುತ್ತದಾ ಕೇಳಿ ಎಂದರು.

೨. ಆರೋಪಿ ಎಲ್ಲಿ?

ಪೀಣ್ಯದ ಒಬ್ಬ ವರ್ಕ್‌ಶಾಪ್ ಮಾಲೀಕರು ಕೆಲಸ ಬಿಟ್ಟುಹೋದ ಮೇಸ್ತ್ರಿಯ ಮೇಲೆ ಬೆದರಿಕೆಯ ಕೇಸು ಹಾಕಿದ್ದರು. ರಾಜಿಯಾಗಿ ಇಬ್ಬರೂ ಬೆಳಗ್ಗೆಯೇ ಬಂದು ಒಂದೇ ಬೆಂಚಿನಲ್ಲಿ ಕೂತರು. ಕೇಸು ಕೂಗುವ ಹೊತ್ತಿಗೆ ನೋಡಿದರೆ ಬೆಂಚು ಖಾಲಿ. ಹೊರಗೆ ಹೋಗಿ ಮಾಲೀಕರಿಗೆ ಫೋನ್ ಮಾಡಿದರೆ ಸುತ್ತಿಗೆಯ ಸದ್ದು ಕೇಳಿಸಿತು. ವರ್ಕ್‌ಶಾಪಿನಲ್ಲಿ ಲೇತ್ ಮೆಷಿನ್ ಕೆಟ್ಟು ನಿಂತಿದೆ ಎಂದು ಸುದ್ದಿ ಬಂದಿತ್ತಂತೆ, ಮಾಲೀಕರೇ ಮೇಸ್ತ್ರಿಯನ್ನು ಸ್ಕೂಟರಿನಲ್ಲಿ ಕೂರಿಸಿಕೊಂಡು ಹೋಗಿದ್ದರಂತೆ. ಆರೋಪಿ ಎಲ್ಲಿ ಎಂದು ಜಡ್ಜ್ ಕೇಳಿದರು. ದೂರುದಾರರ ಮೆಷಿನ್ ರಿಪೇರಿ ಮಾಡುತ್ತಿದ್ದಾರೆ ಎಂದೆ.

"ರಾಜಿ ಆಗಿರೋದು ಗೊತ್ತಾಯ್ತು. ಮೆಷಿನ್ ಸರಿಯಾದ ಮೇಲೆ ಇಬ್ಬರನ್ನೂ ಕರ್ಕೊಂಡು ಬನ್ನಿ," ಎಂದು ಮುಂದಿನ ದಿನಾಂಕ ಕೊಟ್ಟರು.

೩. ಬಲವಂತ

ನಗಿಸಿದರೂ ಇವತ್ತಿಗೂ ನನ್ನನ್ನು ಯೋಚನೆಗೆ ಹಚ್ಚುವುದು ನಮ್ಮ ಬೇಗೂರಿನ ಅಣ್ಣತಮ್ಮಂದಿರ ಕೇಸು. ಹೊಲವಿದ್ದ ಜಾಗದಲ್ಲಿ ಬಾಡಿಗೆ ಮನೆ ಕಟ್ಟಿಸಿ, ಅದೇ ಕಟ್ಟಡದಲ್ಲಿ ಬೇರೆ ಬೇರೆ ಸಂಸಾರ ಮಾಡಿಕೊಂಡಿದ್ದವರು. ನೀರಿನ ಮೋಟಾರ್ ಆಫ್ ಮಾಡುವುದು ಯಾರು ಎಂಬ ಮಾತಿಗೆ ಮಾತು ಬೆಳೆದು ತಮ್ಮ ತಳ್ಳಿದ, ಅಣ್ಣ ಬಿದ್ದು ಕೈ ಮುರಿದುಕೊಂಡು ಕೇಸು ಹಾಕಿದ. ತಮ್ಮ ಎಲೆಕ್ಟ್ರಾನಿಕ್ ಸಿಟಿಯ ಕಂಪನಿಯೊಂದಕ್ಕೆ ಕ್ಯಾಬ್ ಓಡಿಸುತ್ತಿದ್ದ. ಕೇಸು ಇರುವ ತನಕ ಪೊಲೀಸ್ ವೆರಿಫಿಕೇಶನ್ ಸಿಗುವುದಿಲ್ಲ, ಅದಿಲ್ಲದೆ ಅವನ ಗಾಡಿಯನ್ನು ಗೇಟಿನೊಳಗೆ ಬಿಡುವುದಿಲ್ಲ. ರಾಜಿಯಾಗಿ ಹೈಕೋರ್ಟಿಗೆ ಬಂದ ಆ ದಿನ ಕೇಸು ರದ್ದಾಗದಿದ್ದರೆ ಅವನ ಕೆಲಸ ಹೋದಂತೆಯೇ.

ಜಡ್ಜ್ ಪ್ರಶ್ನೆ ಕೇಳುತ್ತಾರೆ, ಇದ್ದದ್ದನ್ನು ಇದ್ದ ಹಾಗೆ ಹೇಳಿ ಎಂದು ಅಣ್ಣನಿಗೆ ನಾನೇ ಹೇಳಿದ್ದೆ. ರಾಜಿಗೆ ಯಾರಾದರೂ ಬಲವಂತ ಮಾಡಿದ್ದಾರಾ ಎಂದು ಜಡ್ಜ್ ಕೇಳಿದರು.

"ಊ ಸಾಮಿ," ಎಂದ ಅಣ್ಣ. "ನಮ್ಮವ್ವ."

ತಮ್ಮ ತಿರುಗಿ ನನ್ನನ್ನು ನೋಡಿದ. ಬಲವಂತದ ರಾಜಿಯನ್ನು ಕೋರ್ಟು ಒಪ್ಪುವುದಿಲ್ಲ. ಜಡ್ಜ್ ಪೆನ್ನು ಕೆಳಗಿಟ್ಟು, ನಿಮ್ಮ ತಾಯಿ ಏನು ಮಾಡಿದರು ಎಂದರು. ನೀವಿಬ್ಬರೂ ಮಾತಾಡುವ ತನಕ ನಿಮ್ಮಿಬ್ಬರ ಮನೆಯಲ್ಲೂ ಉಣ್ಣುವುದಿಲ್ಲ ಎಂದು ಆಕೆ ತಟ್ಟೆ ಹಿಡಿದು ಮೇಲಿನ ಮಹಡಿಯ ಬಾಡಿಗೆ ಹುಡುಗರ ಮನೆಗೆ ಊಟಕ್ಕೆ ಹೋಗತೊಡಗಿದ್ದರಂತೆ. ಓನರ್ ತಾಯಿ ಬಾಡಿಗೆಯವರ ಮನೆಯಲ್ಲಿ ಉಣ್ಣುತ್ತಾರೆ ಎಂದು ಬೀದಿಯೆಲ್ಲ ಮಾತಾಯಿತಂತೆ.

"ಹಾಗಾದ್ರೆ ನಿಮಗೆ ರಾಜಿ ಆಗೋ ಮನಸ್ಸಿಲ್ವಾ?"

ಅಣ್ಣ ತಲೆ ತಗ್ಗಿಸಿದ. "ಮನ್ಸು ಮೊದ್ಲಿಂದ್ಲೂ ಐತೆ ಸಾಮಿ. ನಾನಾಗೇ ಓಗಿ ಮಾತಾಡ್ಸೋಕೆ ಒಂದು ನೆವ ಬೇಕಿತ್ತು."

ಕೇಸು ರದ್ದಾಯಿತು. ಇಷ್ಟು ಸಣ್ಣ ನೆವ ಸಿಗದೆ ಎಷ್ಟು ಕೇಸುಗಳು ವರ್ಷಗಟ್ಟಲೆ ಎಳೆಯುತ್ತಿವೆಯೋ ಎನಿಸಿತು.

ಹೊರಗೆ ಕಾಯುತ್ತಿದ್ದ ತಾಯಿಗೆ ಇಬ್ಬರೂ ಸುದ್ದಿ ಹೇಳಿದರು. ಇವತ್ತಿನ ಊಟ ನಮ್ಮನೆಯಲ್ಲಿ ಎಂದ ತಮ್ಮ. ದೊಡ್ಡವನು ನಾನು, ಮೊದಲು ನಮ್ಮನೆಗೇ ಬರಬೇಕು ಎಂದ ಅಣ್ಣ. ಇಬ್ಬರ ದನಿಯೂ ಏರತೊಡಗಿತು. ತಾಯಿ ಸೆರಗು ಸರಿಮಾಡಿಕೊಂಡು ಎದ್ದರು.

"ಇಬ್ರೂ ಸುಮ್ಕಿರಿ. ಇವತ್ತು ಮೇಲ್ಗಡೆ ಉಡುಗ್ರು ಬಿರಿಯಾನಿ ಮಾಡ್ತಾವ್ರೆ, ಬತ್ತೀನಿ ಅಂತ ಏಳ್ಬಿಟ್ಟಿವ್ನಿ."