ನನ್ನ ಮಾತು ಕೇಳಿದ ಸಾಹೇಬರು

ನಮ್ಮ ಮನೆಯಲ್ಲಿ ನನ್ನ ಮಾತನ್ನು ಪೂರ್ತಿ ಕೇಳುವವರು ಯಾರೂ ಇಲ್ಲ. ಅದಕ್ಕೆ ಕಾರಣವೂ ಇದೆ ಅನ್ನಿ. ಉಪ್ಪು ಎಲ್ಲಿದೆ ಎಂದು ಕೇಳಿದರೆ ನಾನು ಕುಂದಾಪುರದಿಂದ ಈ ಡೊಂಬಿವಲಿಗೆ ಹೊರಟ ದಿನದಿಂದ ಶುರು ಮಾಡುತ್ತೇನೆ. ನಾಲ್ಕನೇ ಕ್ಲಾಸಿಗೇ ಶಾಲೆ ಬಿಟ್ಟವಳು. ಅಲ್ಲಿ ಆಡದೆ ಉಳಿದ ಮಾತೆಲ್ಲ ಹೊಟ್ಟೆಯಲ್ಲೇ ಇದೆಯೋ ಏನೋ. ಅಂಥವಳ ಮೊಮ್ಮಗಳು ಸ್ನೇಹಾ ವಕೀಲಳಾಗಿ ಮೊದಲ ಕೇಸು ಗೆದ್ದಳು ಎಂದರೆ ನಾನು ಸುಮ್ಮನಿರುತ್ತೇನೆಯೇ?

ಕೇಸು ಅವಳಪ್ಪನದೇ, ಅಂದರೆ ನನ್ನ ಮಗ ಸುರೇಶನದು. ಥಾಣೆ ಕಡೆಯ ಒಂದು ಸರ್ಕಾರಿ ಕಚೇರಿಯ ಕ್ಯಾಂಟೀನನ್ನು ಟೆಂಡರಿನಲ್ಲಿ ಹಿಡಿದು ನಡೆಸುತ್ತಿದ್ದ. ಒಂದು ಬೆಳಿಗ್ಗೆ ಹೋಗಿ ನೋಡಿದರೆ ಬಾಗಿಲಿಗೆ ಅವರ ಬೀಗ. ನಿನ್ನನ್ನು ಬ್ಲ್ಯಾಕ್‌ಲಿಸ್ಟ್ ಮಾಡಿದೆ, ಇನ್ನು ಯಾವ ಸರ್ಕಾರಿ ಟೆಂಡರೂ ಹಾಕುವ ಹಾಗಿಲ್ಲ ಎಂದರಂತೆ. ಯಾಕೆಂದು ಹೇಳುವವರಿಲ್ಲ. ನಮ್ಮ ಕಡೆ ಭೂತಕ್ಕೆ ಕೋಳಿ ಕೊಡುವಾಗಲೂ ಅದರ ತಲೆಗೆ ನೀರು ಚಿಮುಕಿಸಿ, ಅದು ತಲೆ ಕೊಡವಿ ಒಪ್ಪಿಗೆ ಕೊಟ್ಟ ಮೇಲೆಯೇ ಕೊಯ್ಯುವುದು. ನನ್ನ ಮಗನಿಗೆ ಅಷ್ಟು ಮರ್ಯಾದೆಯೂ ಸಿಗಲಿಲ್ಲ. ಸ್ನೇಹಾ ಹೈಕೋರ್ಟಿಗೆ ಹೋಗಿ ಇದನ್ನೇ ವಾದಿಸಿದಳು, ಕೋಳಿ ಬಿಟ್ಟು. ಜಡ್ಜು ಹೌದೆಂದರು. ಹಳೆಯ ಆದೇಶ ರದ್ದಾಯಿತು. ತಪ್ಪೇನೆಂದು ನೋಟೀಸು ಕೊಡಿ, ಅವನ ಮಾತು ಕೇಳಿ, ಆಮೇಲೆ ತೀರ್ಮಾನಿಸಿ ಎಂದರು. ನಾನು ಲಾಡು ಕಟ್ಟಿ ಬಿಲ್ಡಿಂಗಿಗೆಲ್ಲ ಹಂಚಿದೆ, ಲಿಫ್ಟಿನಲ್ಲಿ ಸಿಕ್ಕ ಕೊರಿಯರಿನವನಿಗೂ.

ನೋಟೀಸು ಬಂದಾಗ ಎರಡನೇ ಸುತ್ತಿನ ಲಾಡು ನಡೆದಿತ್ತು. ಸ್ನೇಹಾ ಪಕ್ಕದಲ್ಲಿ ಕೂತಳು. ಹುಟ್ಟಿ ಬೆಳೆದದ್ದು ಇಲ್ಲೇ. ಅವಳ ಕನ್ನಡ ಅರ್ಧ ಹಿಂದಿ.

"ಅಜ್ಜಿ, ಸುನೋ ನಾ. ಪಪ್ಪಾ ಹೊರಗಿಂದ ಖಾನಾ ತರ್ತಾರೆ ಅಂತ ಅವರ ಕಂಪ್ಲೇಂಟು. ಎಲ್ಲ ಕ್ಯಾಂಟೀನಲ್ಲೇ ಮಾಡ್ಬೇಕು ಅಂತ ಟೆಂಡರಲ್ಲಿ ಇದೆ."

"ಹೂಂ ಮಗಾ, ಏಲಕ್ಕಿ ಸಾಕಾ ಕಾಣ್."

"ಅವರ ಹತ್ರ ಪ್ರೂಫ್ ಇಲ್ಲ. ನೀನೂ ಬಾ, ಲೇಕಿನ್..."

ಬಾ ಎಂದದ್ದೇ ನನ್ನ ಕಿವಿ ಮುಚ್ಚಿತು, ಆ 'ಆದರೆ'ಯ ಮುಂದಿನದು ಒಳಗೆ ಹೋಗಲಿಲ್ಲ. ಯಾವ ಸೀರೆ ಉಡುವುದು ಎಂಬ ಯೋಚನೆ ಶುರುವಾಯಿತು.

ಆ ಕಚೇರಿಯಲ್ಲಿ ವಿಚಾರಣೆಯ ದಿನ ಮೊಮ್ಮಗಳ ಮರಾಠಿ ಕೇಳಬೇಕಿತ್ತು ನೀವು! ಯಾರು ನೋಡಿದ್ದು, ಯಾವ ದಿನ, ತಂದದ್ದೇನು ಎಂದು ಒಂದೊಂದೇ ಕೇಳಿದಳು. ವಿಚಾರಣೆ ನಡೆಸುವ ಸಾಹೇಬರು ಫೈಲನ್ನು ಹಿಂದೆ ಮುಂದೆ ತಿರುವಿ ನೋಡಿದರು. ಫೈಲು ಮುಚ್ಚಲು ಕೈ ಹಾಕಿದವರು, ಮೂಲೆಯಲ್ಲಿ ನಗುತ್ತ ಕೂತ ನನ್ನನ್ನು ಕಂಡು, "ಬೋಲಾ ಆಜಿ, ನೀವೇನಾದರೂ ಹೇಳುವುದಿದೆಯಾ?" ಎಂದರು.

ಹೇಳುವುದಿದೆಯಾ! ಹರಕು ಮರಾಠಿಯಲ್ಲೇ ಎದ್ದು ನಿಂತೆ. "ಸಾಹೇಬ್, ಕ್ಯಾಂಟೀನಿನ ಇಡ್ಲಿ ತಿಂದಿದ್ದೀರಾ?"

"ತಿಂದಿದ್ದೇನೆ ಆಜಿ. ಹತ್ತಿಯ ಹಾಗಿತ್ತು."

"ಹಿಟ್ಟು ನನ್ನದು! ಡೊಂಬಿವಲಿಯ ಮನೆಯಲ್ಲಿ ನಾನೇ ರುಬ್ಬಿದ್ದು. ಚಟ್ನಿಯೂ ನನ್ನದೇ. ಲೋಕಲ್ ರೈಲಿನ ಲಗೇಜು ಡಬ್ಬದಲ್ಲಿ ಮಗ ದಿನಾ ಹೊತ್ತು ತರ್ತಾನೆ, ಒಂದು ದಿನ ತಪ್ಪಿಸಿಲ್ಲ. ಕ್ಯಾಂಟೀನಿನ ಗ್ರೈಂಡರಾ? ಅದರ ಮೇಲೆ ಅವನು ಛತ್ರಿ ಒಣಗಿಸ್ತಾನೆ."

ಸುರೇಶ ನನ್ನ ಸೆರಗು ಎಳೆದ. ಸ್ನೇಹಾ ಕಣ್ಣು ಮುಚ್ಚಿಕೊಂಡಳು. ದೇವರನ್ನು ನೆನೆಯುತ್ತಿದ್ದಾಳೆ ಎಂದುಕೊಂಡೆ. ಸಾಹೇಬರು ಒಂದು ಮಾತೂ ಬಿಡದೆ ಬರೆಸಿಕೊಂಡರು. ನೀರು ತರಿಸಿಕೊಟ್ಟರು. ಹೆಬ್ಬೆಟ್ಟು ಬೇಡ, ಸಹಿ ಬರುತ್ತದೆ ಎಂದು ನಾನು ಹೆಮ್ಮೆಯಿಂದ ಸಹಿಯನ್ನೂ ಹಾಕಿದೆ.

ಎರಡು ವರ್ಷ ಟೆಂಡರು ಹಾಕುವ ಹಾಗಿಲ್ಲ ಎಂದು ಹೊಸ ಆದೇಶ ಬಂತು. ಈ ಸಲ ಎಲ್ಲವೂ ಕಾನೂನಿನ ಪ್ರಕಾರವೇ. ಸುರೇಶ ಈಗ ಸೀವುಡ್ಸ್‌ನಲ್ಲಿ ಬೇರೆಯವರ ಹೋಟೆಲಿನ ಗಲ್ಲಾದಲ್ಲಿ ಕೂರುತ್ತಾನೆ. ನನ್ನನ್ನು ಬೈಯಲಿಲ್ಲ, ಬೈದಿದ್ದರೆ ವಾಸಿಯಿತ್ತು. ಬೆಳಿಗ್ಗೆ ಬರಿಗೈಯಲ್ಲಿ ಚಪ್ಪಲಿ ಮೆಟ್ಟಿ ಹೋಗುತ್ತಾನೆ. ಹಿಟ್ಟಿನ ಕ್ಯಾನು ಬಾಗಿಲ ಹಿಂದೆ ಬೋರಲಾಗಿ ಬಿದ್ದಿದೆ. ಕಸ ಗುಡಿಸುವಾಗ ಅದರ ಸುತ್ತ ಗುಡಿಸುತ್ತೇನೆ, ಎತ್ತಲು ಮನಸ್ಸಾಗುವುದಿಲ್ಲ.

"ನಿನ್ನ ಕೇಸು ನಾನೇ ಕೆಡಿಸಿದೆ ಅಲ್ದಾ ಮಗಾ?" ಎಂದು ಸ್ನೇಹಾಳನ್ನು ಕೇಳಿದೆ.

"ಛೋಡೋ ಅಜ್ಜಿ. ಮಾತು ಕೇಳ್ಬೇಕು ಅಂತ ನಾನೇ ಅಲ್ವಾ ಲಡಾಯಿ ಮಾಡಿದ್ದು? ಕೇಳಿದ್ರು."

"ಆವತ್ತು 'ಬಾ, ಲೇಕಿನ್' ಅಂದಿಯಲ್ಲ, ಆಮೇಲೆ ಎಂತ ಹೇಳ್ಲಿಕ್ಕಿತ್ತು?"

"ಚುಪ್‌ಚಾಪ್ ಕೂತ್ಕೋ ಅಂತ."

ನನಗೂ ನೋಟೀಸು ಬಂದಿತ್ತು ಎಂದಾಯಿತು, ಲಾಡಿನ ಮಧ್ಯೆ ನಾನೇ ಕೇಳಿಸಿಕೊಳ್ಳಲಿಲ್ಲ. ಇಷ್ಟು ವಯಸ್ಸಿಗೆ ನನ್ನ ಮಾತನ್ನು ನಡುವೆ ತಡೆಯದೆ ಕೇಳಿದವರು ಆ ಸಾಹೇಬರೊಬ್ಬರೇ. ಅವರೂ ಒಮ್ಮೆ ತಡೆದಿದ್ದರೆ ಆಗುತ್ತಿತ್ತು.