ಭಾವಮೈದುನನ ಹೆಸರಿನ ಹಂಡೆ

ಒಬ್ಬೊಬ್ಬರಿಗೆ ಒಂದೊಂದು ಚಟ. ಕೆಲವರಿಗೆ ನಶ್ಯ, ಕೆಲವರಿಗೆ ಇಸ್ಪೀಟು. ನನಗೆ ಪಾತ್ರೆಗಳ ಮೇಲೆ ಹೆಸರು ಕೆತ್ತಿಸುವ ಚಟ. ಹೊಸಪೇಟೆಯ ನಮ್ಮ ಮನೆಯಲ್ಲಿ ಸಾರಿನ ಸೌಟಿನ ಮೇಲೂ ನನ್ನ ಹೆಸರಿದೆ. ಸಾಲದೆಂದು ಒಂದು ಪುಸ್ತಕವನ್ನೂ ಇಟ್ಟಿದ್ದೇನೆ: ಒಂದು ಪುಟದಲ್ಲಿ ‘ಬಂದ ಮುಯ್ಯಿ’, ಎಂದರೆ ಶುಭಕಾರ್ಯಕ್ಕೆ ನೆಂಟರಿಷ್ಟರು ಕೊಟ್ಟ ಉಡುಗೊರೆ, ಅದರೆದುರು ‘ಕಡ ಕೊಟ್ಟದ್ದು’. ಈ ಎರಡನೆಯ ಪುಟದಲ್ಲಿ ಮೂರು ವರ್ಷದಿಂದ ಅಲುಗಾಡದೆ ಕುಳಿತಿರುವುದು ಪಕ್ಕದ ಮನೆಯ ವೀರಭದ್ರಪ್ಪ ಒಯ್ದ ಹಿತ್ತಾಳೆಯ ಅಗಲ ತಟ್ಟೆ, ಪರಾತ. ಕೇಳಿದಾಗಲೆಲ್ಲ, “ನಾಳಿಗೆ ಕೊಡ್ತೀನ್ರಿ. ನಿಮ್ಮ ಹೆಸರು ಐತಲ್ಲ ಅದರ ಮ್ಯಾಲೆ, ಎಲ್ಲಿಗೆ ಹೋಗತೈತಿ?” ಎನ್ನುತ್ತಾರೆ.

ಹೆಸರಿದ್ದದ್ದು ಎಲ್ಲಿಗೂ ಹೋಗುವುದಿಲ್ಲವೆಂದು ನಾನೂ ನಂಬಿದ್ದೆ, ನಮ್ಮ ಬಚ್ಚಲಿನ ಹಂಡೆ ಹೋಗುವತನಕ.

ಆದದ್ದು ಇಷ್ಟು. ನನ್ನ ಭಾವಮೈದುನ ಚೆನ್ನಬಸಪ್ಪ ಕಂಪ್ಲಿಯವನು. ಕಾಲುವೆ ನೀರಿನ ಸರದಿಗೆ ಜಗಳವಾಡಿ, ಎದುರಾಳಿಯ ಕೈ ಮುರಿದು, ಸಂಡೂರಿಗೆ ಹೋಗಿ ಕುಳಿತ. ಅದು ರಾಜರ ಸಂಸ್ಥಾನ. ನಮ್ಮ ಮದ್ರಾಸ್ ಸರ್ಕಾರದ ಪೊಲೀಸರು ಸೀದಾ ಹೋಗಿ ಕೊರಳಪಟ್ಟಿ ಹಿಡಿಯುವಂತಿಲ್ಲ. ಹಾಜರಾಗೆಂದು ಕೋರ್ಟು ಡಂಗುರ ಹೊಡೆಸಿತು. ಇವನು ಬರಲಿಲ್ಲ. ಆಸ್ತಿ ಜಪ್ತಿಗೆ ಹುಕುಂ ಆಯಿತು. ಅವನ ಮನೆಯಲ್ಲಿ ಸಿಕ್ಕಿದ್ದು ಎರಡು ಕೌದಿ, ಒಂದು ಮುದಿ ಕೋಳಿ. ಆಗ ಯಾರೋ ಪುಣ್ಯಾತ್ಮರು ಅವನ ಅಕ್ಕನ, ಎಂದರೆ ನಮ್ಮ, ಮನೆಯ ದಾರಿ ತೋರಿಸಿದರು.

ಜಪ್ತಿಗೆ ಬಂದ ಪೊಲೀಸ್ ದಫೇದಾರರು ನೆಟ್ಟಗೆ ಬಚ್ಚಲಿಗೆ ನಡೆದು, ತಾಮ್ರದ ಹಂಡೆಯ ಕಂಠದ ಮಸಿಯನ್ನು ಹೆಬ್ಬೆರಳಿನಿಂದ ಒರೆಸಿ ಓದಿದರು: “ಕಂಪ್ಲಿ ಚೆನ್ನಬಸಪ್ಪ.”

“ಈ ಮನಿ ಹೊಕ್ಕಾಗ ನನ್ನ ತಮ್ಮ ಮುಯ್ಯಿ ಮಾಡಿದ್ದ್ರಿ ಅದು!” ಎಂದು ನಮ್ಮಾಕೆ ಕೂಗಿದಳು.

“ನಮ್ಮ ಕಣ್ಣಿಗೆ ಹೆಸರು ಕಾಣತೈತ್ರಿ ಅಕ್ಕಾರ, ಮುಯ್ಯಿ ಕಾಣಂಗಿಲ್ಲ.”

ಹಂಡೆ ಹೋಯಿತು. ಮಗಳು ಚೊಚ್ಚಲ ಹೆರಿಗೆಗೆ ಬಂದಿದ್ದಳು, ಎಂಟು ತಿಂಗಳು ತುಂಬಿತ್ತು. ಬಾಣಂತಿಗೆ ಹಂಡೆ ತುಂಬ ಸುಡುನೀರು ಎರೆಯದಿದ್ದರೆ, ನಮ್ಮಾಕೆಯ ಪ್ರಕಾರ, ಪ್ರಳಯವೇ. “ಸೌಟಿಗೆಲ್ಲಾ ಹೆಸರು ಹೊಡಸಿದ್ರಿ, ಆ ಹಂಡೇಕ ಹೊಡಸಾಕ ಏನ್ ಬ್ಯಾನಿ ಬಂದಿತ್ತು? ಹರಾಜು ಆಗೂದ್ರಾಗ ತರ್ರಿ!” ಮುಯ್ಯಿಯ ಪಾತ್ರೆಗೆ ಕೊಟ್ಟವರ ಹೆಸರೇ ಇರಬೇಕು, ಅದು ನಮ್ಮ ಸೀಮೆಯ ಮರ್ಯಾದೆ. ಆಕೆಗೂ ಅದು ಗೊತ್ತು. ಆದರೆ ಜ್ಞಾಪಿಸುವ ಗಳಿಗೆ ಅದಾಗಿರಲಿಲ್ಲ. ಹಂಡೆ ನಮ್ಮದೆಂದು ಕೋರ್ಟಿಗೆ ತಕರಾರು ಅರ್ಜಿ ಹಾಕಿದೆ.

ಮ್ಯಾಜಿಸ್ಟ್ರೇಟರು ತಮಿಳು ಸೀಮೆಯವರು, ಅಳೆದು ತೂಗಿ ಕನ್ನಡ ಆಡುವವರು. ನನ್ನ ಪುಸ್ತಕವನ್ನು ತಿರುವಿ ಹಾಕಿ, “ಬರೆದವರು ನೀವು, ಕೇಳುವವರೂ ನೀವು. ಹಂಡೆಯ ಮೇಲಿನ ಹೆಸರು ಮಾತ್ರ ಆರೋಪಿಯದು. ಹೇಗೆ?” ಎಂದರು. ಅಷ್ಟರಲ್ಲಿ ಜವಾನ ಅವರ ಮುಂದೆ ನೀರಿನ ಚೆಂಬು ತಂದಿಟ್ಟ. ಚಟ ಎಲ್ಲಿ ಬಿಡುತ್ತದೆ? ಬಗ್ಗಿ ಹೆಸರು ಓದಿದೆ. ಪೇಟೆಯ ಜವಳಿ ಅಂಗಡಿ ಶೆಟ್ಟರದು!

“ಸ್ವಾಮಿ, ಹೆಸರಿದ್ದ ಮಾತ್ರಕ್ಕ ಭಾಂಡೆ ಅವರದಾಗೂದಿಲ್ರಿ. ಆ ಚೆಂಬು ಶೆಟ್ಟರು ಕೋರ್ಟಿಗೆ ಕೊಟ್ಟದ್ದು. ನಾಳೆ ಅವರ ಆಸ್ತಿ ಜಪ್ತಿ ಆದ್ರ ತಾವು ನೀರು ಯಾತರಾಗ ಕುಡೀಬೇಕ್ರಿ?”

ಮ್ಯಾಜಿಸ್ಟ್ರೇಟರು ಚೆಂಬನ್ನು ತಿರುಗಿಸಿ ನೋಡಿದರು. ಬಳಿಕ ದಫೇದಾರರನ್ನು ನೋಡಿದರು. “ನಿಮ್ಮ ಮನೆಯಲ್ಲಿಯೂ ಹೀಗೆಯೇ ಏನು?”

ದಫೇದಾರರು ಟೊಪ್ಪಿಗೆ ಸರಿಮಾಡಿಕೊಂಡರು. “ಮಾವನ ಹೆಸರಿನ ಕೊಡ ಐತ್ರಿ, ಸ್ವಾಮಿ. ಎರಡು.”

ಕೋರ್ಟೆಲ್ಲ ನಕ್ಕಿತು. ನನ್ನ ಬೆಂಬಲಕ್ಕೆಂದು ಬಂದಿದ್ದ ವೀರಭದ್ರಪ್ಪ ಎಲ್ಲರಿಗಿಂತ ಗಟ್ಟಿಯಾಗಿ ನಕ್ಕರು. ಹಂಡೆ ಬಿಡುಗಡೆಯಾಯಿತು. ಬಂಡಿಯಲ್ಲಿ ಅದನ್ನು ತಬ್ಬಿ ಕುಳಿತು ಪೇಟೆಯ ನಡುವೆ ಬಂದೆ. ವಿಜಯನಗರದ ಅರಸರು ಹಂಪಿಗೆ ಗೆದ್ದು ಬಂದಾಗಲೂ ಅಷ್ಟು ಬೀಗಿರಲಾರರು. ನಮ್ಮಾಕೆ ಬಾಗಿಲಲ್ಲಿ ಆರತಿ ಎತ್ತಿದಳು. ಹಂಡೆಗೆ ಮೊದಲು, ಆಮೇಲೆ ನನಗೆ.

ಮೂರು ವಾರಕ್ಕೆ ಮೊಮ್ಮಗಳು ಹುಟ್ಟಿದಳು. ತೊಟ್ಟಿಲ ದಿನ ಗುಗ್ಗರಿ ಹಂಚಲು ದೊಡ್ಡ ಪರಾತ ಬೇಕಾಯಿತು. ಗೆದ್ದ ಗತ್ತಿನಲ್ಲೇ ಪಕ್ಕದ ಮನೆಗೆ ಹೋಗಿ, ನನ್ನ ಹೆಸರಿನ ಪರಾತ ಕೊಡಿರೆಂದೆ.

“ಹೆಸರೇನ್ರಿ ಅಣ್ಣಾರ?” ವೀರಭದ್ರಪ್ಪ ಮೀಸೆಯಲ್ಲೇ ನಕ್ಕರು. “ಹೆಸರಿದ್ದ ಮಾತ್ರಕ್ಕ ಭಾಂಡೆ ಅವರದಾಗೂದಿಲ್ಲ ಅಂತ ಕೋರ್ಟಿನ್ಯಾಗ ನೀವ ಹೇಳಿದ್ರಲ್ಲ, ಮರತ್ರೇನು?”

ಬರಿಗೈಯಲ್ಲಿ ಮನೆಗೆ ಬಂದೆ. ಗುಗ್ಗರಿಯನ್ನು ಮೊರದಲ್ಲಿ ಹಂಚಿದೆವು. ಆ ಸಂಜೆ ಪುಸ್ತಕ ತೆರೆದು, ‘ಕಡ ಕೊಟ್ಟದ್ದು’ ಪುಟದಲ್ಲಿ ಪರಾತವನ್ನು ಹೊಡೆದುಹಾಕಿ, ‘ಮಾಡಿದ ಮುಯ್ಯಿ’ ಎಂದು ಹೊಸ ಪುಟವೊಂದನ್ನು ಶುರುಮಾಡಿದೆ.