ಬೆವರು ಕುಡಿದ ಹುಳದ ಕುಲ

ಗಿರದಾವರರ ಕತ್ತಿನ ಬೆವರು ಕುಡಿಯಲು ಆ ಹುಳಕ್ಕೆ ಬೇರೆ ದಿನವೇ ಸಿಗಲಿಲ್ಲ.

ಜರ್ಮನಿಯವರ ಲಡಾಯಿ ಶುರುವಾದ ಮರುವರ್ಷ. ಕುಷ್ಟಗಿ ಸೀಮೆಗೆ ಹದವಾದ ಮಳೆ ಬಿದ್ದಿತ್ತು. ಎರವಲು ತಂದ ಕೂರಿಗೆಯನ್ನು ಮುದಿಯಪ್ಪ ಆಗಷ್ಟೇ ಹೊಲಕ್ಕೆ ಇಳಿಸಿದ್ದ. ಹೊತ್ತು ಮುಳುಗುವುದರೊಳಗೆ ಸಜ್ಜೆ ಬಿತ್ತಿ ಮುಗಿಸಬೇಕು. ನಾಳೆ ಕೂರಿಗೆ ಬೇರೆಯವರ ಪಾಳಿ, ನಾಡಿದ್ದಿಗೆ ಹದವೇ ಇರುವುದಿಲ್ಲ.

ಕಂದಾಯಕ್ಕಾಗಿ ಹೊಲಗಳ ತಪಾಸಣೆ ಮಾಡುತ್ತ ದಾರಿಯಲ್ಲಿ ಹೊರಟಿದ್ದ ಗಿರದಾವರರು ಬದುವಿನ ಹತ್ತಿರ ಕುದುರೆಯಿಂದಿಳಿದು ಶೇರವಾನಿಯ ಗುಂಡಿ ಬಿಚ್ಚಿದರು. ಬದುವಿನ ತೂತಿನಿಂದೆದ್ದ ಅಕ್ಕಿಕಾಳಿನಷ್ಟು ಹುಳವೊಂದು ಅವರ ಕತ್ತಿನ ಮೇಲೆ ಕೂತು, ಮದುವೆ ಮನೆಯ ಬೀಗನಂತೆ ನೆಮ್ಮದಿಯಾಗಿ ಬೆವರು ಹೀರತೊಡಗಿತು. ಅವರು ಫಟ್ಟನೆ ಹೊಡೆದರು. ಅದು ಚುರ್ರನೆ ಚುಚ್ಚಿತು.

"ಜೇನು! ನಿಲ್ಲಸಲೇ ಕೂರಿಗಿ!"

ದೇಸಾಯರ ಸೀಮೆಯಲ್ಲಿ ಮಳೆ ದೇವರದು, ದುಡಿತ ರೈತನದು, ಜೇನು ಮಾತ್ರ ದೇಸಾಯರದು. ಜೇನಿದ್ದ ಹೊಲದಲ್ಲಿ ಜೇನುತುಪ್ಪ ಇಳಿದು ಅವರ ವಾಡೆ ಮುಟ್ಟುವ ತನಕ ಎತ್ತು ಹೂಡುವಂತಿಲ್ಲ.

"ಜೇನಲ್ರಿ ಹುಜೂರ್, ನೊಣರಿ! ಜೇನಿಗಿ ಹೂವು ಬಿಟ್ಟು ಬೆವರ್ಯಾಕ ಬೇಕ್ರಿ?"

"ನೊಣ ಚುಚ್ಚತೈತೇನೋ?"

"ಬಡವನ ಹೊಲದ ನೊಣರೀ, ಹಸದೈತಿ."

ಪಕ್ಕದ ಹೊಲದಿಂದ ಹೊಳಿಯಮ್ಮ ಸೆರಗು ಸಿಕ್ಕಿಸಿಕೊಂಡು ಓಡಿಬಂದಳು. "ನೊಣ ಎಲ್ಯಾರ ನೆಲದಾಗ ಮನಿ ಮಾಡ್ತೈತೇನ? ಇದು ರೆಕ್ಕಿ ಬಂದ ಇರುವಿ!"

ಹಿಂದೆಯೇ ಬಂದ ಅವಳ ಗಂಡ ಪಂಪಣ್ಣ, "ಇರುವಿ ಅಲ್ಲ, ಕಣಜ" ಎಂದ.

"ಲಗ್ನ ಆದಾಗಿಂದ ಒಮ್ಮೆರ ನಾ ಅಂದದ್ದಕ್ಕ ಹೂಂ ಅಂದೀಯೇನ?"

ಗಂಡಹೆಂಡಿರ ಜಗಳ ಕಾವೇರುವುದರೊಳಗೆ ಗಿರದಾವರರು ವಾಡೆಗೆ ಜೇನು ಇಳಿಸುವ ಮರ್ದಾನಸಾಬನನ್ನು ಕರೆಸಿದರು. ಅವನು ತೂತಿನ ಮುಂದೆ ಮಂಡಿಯೂರಿ ಬಹಳ ಹೊತ್ತು ನೋಡಿದ.

"ಹುಜೂರ್, ಇರುವಿ, ಕಣಜ, ಜೇನು ಮೂರೂ ಒಂದ ಮನಿತನ. ನೊಣಂದು ಬ್ಯಾರೆ ಮನಿತನ. ನೊಣಕ್ಕ ರೆಕ್ಕಿ ಎರಡು, ಇವಕ್ಕ ನಾಕು. ಈ ಹುಳ ಜೇನಿನ ಕುಲದ್ದ ಖರೆ, ಆದ್ರ..."

ಜೇನಿನ ಕುಲವೆಂದದ್ದೇ ತಡ, ಮುದಿಯಪ್ಪ ಬುತ್ತಿ ಬಿಚ್ಚಿದ. ಒಣಗಿದ ಕಟಕು ರೊಟ್ಟಿಯನ್ನು ಇಡಿಯಾಗಿ ಮರ್ದಾನಸಾಬನ ಬಾಯಿಗೆ ತುರುಕಿದ. "ಪಾಪ, ಹಸದಾನ್ರಿ, ಮಾತು ದಿಕ್ಕ ತಪ್ಪಾಕತ್ಯಾವು. ರೆಕ್ಕಿ ನೀವ ಎಣಿಸ್ರಿ!"

ಹುಳ ಹಿಡಿಯಬೇಕಾದರೆ ಬೆವರು ಬೇಕು. ಮುದಿಯಪ್ಪ ಅಂಗಿ ಕಳಚಿ, ಹೊಲದ ಸುತ್ತ ಮೂರು ಸಲ ಓಡಿ, ಬೆನ್ನೊಡ್ಡಿ ಬಗ್ಗಿ ನಿಂತ. ಹುಳಗಳು ಪಂಕ್ತಿಯೂಟಕ್ಕೆ ಬಂದಂತೆ ಬಂದವು.

"ಅಲ್ಲೈತಿ!" ಎಂದು ಹೊಳಿಯಮ್ಮ ಮೊರದಿಂದ ಬಾರಿಸಿದಳು. "ಇಲ್ಲೈತಿ!" ಎಂದು ಪಂಪಣ್ಣ, ಬದುವಿನ ಹಳೆಯ ಜಗಳವನ್ನೆಲ್ಲ ನೆನೆದು, ಹುಳವಿಲ್ಲದ ಕಡೆಯೂ ಬಾರಿಸಿದ.

"ಹುಳ ಹಿಡೀರೋ, ನನ್ನ ಕೊಲ್ಲಬ್ಯಾಡ್ರೋ!"

ಕೊನೆಗೊಂದು ಸಿಕ್ಕಿತು. ಗಿರದಾವರರು ಕನ್ನಡಕ ಒರೆಸಿ ನೋಡಿದರು. ಆ ಹುಳ ಹಿಂದಿನ ರೆಕ್ಕೆಯನ್ನು ಮುಂದಿನದಕ್ಕೆ ಕೊಕ್ಕೆ ಹಾಕಿಕೊಂಡಿರುತ್ತದೆ, ಜೋಡಿ ಒಂದೇ ಆಗಿ ಕಾಣುತ್ತದೆ.

"ಎರಡ ಅದಾವ. ನೊಣ!" ಎಂದು ಕಾಗದದಲ್ಲಿ ಬರೆದುಕೊಂಡರು.

ಮರ್ದಾನಸಾಬ ರೊಟ್ಟಿಯೊಳಗಿಂದ "ಊಂ, ಊಂ" ಎಂದು ಕೈಯಾಡಿಸಿದ. ಕೇಳುವವರಾರು? ಊದಿದ ಬೆನ್ನನ್ನೂ ಮರೆತು ಕುಣಿದ ಮುದಿಯಪ್ಪ ಕೂರಿಗೆಗೆ ಕೈ ಹಾಕಿದ.

"ತಡಿ" ಎಂದ ಗಿರದಾವರರು ಚೀಲದಿಂದ ಬೇರೊಂದು ಕಾಗದ ತೆಗೆದರು. "ಗಂಗಾವತಿ ಕಡೆ ಕಾಲರಾ ಎದ್ದೈತಿ. ನೆಲದಿಂದ ನೊಣ ಏಳೋ ಜಾಗಾ ಇಪ್ಪತ್ತೊಂದು ದಿನ ಬಂದ್ ಮಾಡಂತ ಸರ್ಕಾರದ ಹುಕುಂ. ಮನಶಾ, ದನ ಯಾರೂ ಕಾಲಿಡೂಹಂಗಿಲ್ಲ."

ಮರ್ದಾನಸಾಬ ಕಡೆಯ ತುತ್ತು ನುಂಗಿದ. "ಪೂರಾ ಹೇಳಾಕ ಬಿಟ್ಟೀಯೇನೋ ಮಾರಾಯಾ? ಜೇನಿನ ಕುಲ ಖರೆ, ಆದ್ರ ಇದು ತುಪ್ಪ ಕೂಡಿಡಾಂಗಿಲ್ಲ. ತುಪ್ಪ ಇಲ್ಲದ ಜೇನಿಗಿ ವಾಡೇದ ಹಕ್ಕ ಇಲ್ಲ. ಇಷ್ಟೊತ್ತಿಗೆ ಅರ್ಧ ಹೊಲ ಬಿತ್ತಿರ್ತಿದ್ದಿ."

ಮುದಿಯಪ್ಪ ಹೊರಟುಬಿಟ್ಟಿದ್ದ ಗಿರದಾವರರ ಕುದುರೆಯ ಹಿಂದೆ ಓಡಿದ. "ಹುಜೂರ್! ಜೇನ್ರಿ! ನಾಕು ರೆಕ್ಕಿರೀ! ನಾ ಸುಳ್ಳ ಹೇಳೀನ್ರಿ!"

ಗಿರದಾವರರು ಹಿಂದಿರುಗಿ ನೋಡಲೂ ಇಲ್ಲ. "ನೊಣ ಅಂತ ಬರದಾತು. ಜೇನಂದ್ರ ದೇಸಾಯರು ತಡೀತಾರ, ನೊಣ ಅಂದ್ರ ಸರ್ಕಾರ ತಡೀತೈತಿ. ಹೊಲ ನಿಂದು ಅನ್ನೋ ಹುಳ ಯಾವುದಾರ ಇದ್ರ ಹಿಡಕೊಂಡು ಬಾ, ಅದನ್ನೂ ಬರಕೊಳ್ತೀನಿ."